ಸೇಡಂ ತಾಲ್ಲೂಕಿನ ಸ್ವಂತ ಹೊಲಕ್ಕೆ ಬೇಲಿ ಹಾಕಲು ಪಕ್ಕದವರು ಬಿಡದಿದ್ದರೆ ಕೋರ್ಟಿನಿಂದ ಪೊಲೀಸ್ ರಕ್ಷಣೆ ಸಿಗುತ್ತದೆಯೇ?

ಸಿಗಬಹುದು, ಆದರೆ ನಿಮ್ಮ ಹಕ್ಕು ದಾಖಲೆಯಲ್ಲಿ ಸ್ಪಷ್ಟವಾಗಿರಬೇಕು. ಶಾಂತಿ ಕಾಪಾಡುವುದು ಪೊಲೀಸರ ಶಾಸನಬದ್ಧ ಕರ್ತವ್ಯವಾದ್ದರಿಂದ, ದೂರು ಕೊಟ್ಟರೂ ಅವರು ಸ್ಪಂದಿಸದಿದ್ದಾಗ, ಆ ಕರ್ತವ್ಯ ನಿರ್ವಹಿಸುವಂತೆ ನಿರ್ದೇಶನ ಕೋರಿ ಕಲಬುರಗಿಯ ಹೈಕೋರ್ಟ್ ಪೀಠದಲ್ಲಿ ಸಂವಿಧಾನದ 226ನೇ ವಿಧಿಯಡಿ ರಿಟ್ ಅರ್ಜಿ ಸಲ್ಲಿಸಬಹುದು. ಆದರೆ ಜಾಗವೇ ತನ್ನದೆಂದು ಎದುರಾಳಿ ತಕರಾರು ತೆಗೆದರೆ, ರಿಟ್ ಅರ್ಜಿಯಲ್ಲಿ ಮಾಲೀಕತ್ವ ತೀರ್ಮಾನಿಸಲು ಹೈಕೋರ್ಟ್ ಸಾಮಾನ್ಯವಾಗಿ ಮುಂದಾಗುವುದಿಲ್ಲ. ಆಗ ಸಿವಿಲ್ ನ್ಯಾಯಾಲಯದಲ್ಲಿ ದಾವೆ ಹೂಡಿ ತಡೆಯಾಜ್ಞೆ ಪಡೆಯಬೇಕು, ಅದನ್ನೂ ಮೀರಿದರೆ ಅದೇ ನ್ಯಾಯಾಲಯಕ್ಕೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 151ನೇ ಕಲಮಿನಡಿ ಪೊಲೀಸ್ ನೆರವು ಕೋರಿ ಅರ್ಜಿ ಹಾಕಬಹುದು. ಪಹಣಿಯೊಂದನ್ನೇ ನೆಚ್ಚದೆ ಹದ್ದುಬಸ್ತು (ಸರ್ವೆ ಮಾಡಿ ಗಡಿ ಗುರುತಿಸುವುದು) ಮಾಡಿಸಿದ ನಕ್ಷೆಯನ್ನೂ ಇಟ್ಟುಕೊಳ್ಳಿ. ನಿಮ್ಮ ದೂರಿಗೆ ಠಾಣೆಯವರು ಬರೆದುಕೊಡುವ ಉತ್ತರವನ್ನು, ಅಂದರೆ ಹಿಂಬರಹವನ್ನು, ದಯವಿಟ್ಟು ಬಿಡದೆ ಕೇಳಿ ಪಡೆಯಿರಿ. ಮೊದಲು ಪೊಲೀಸರ ಬಳಿ ಹೋಗಿದ್ದಿರಿ ಎಂಬುದಕ್ಕೆ ಅದೇ ಪುರಾವೆ.