‘ಬಂದು ಸೆಟಲ್ ಮಾಡಿಕೋ’ ಅಂತ ಠಾಣೆಯಿಂದ ಫೋನ್ ಬಂದರೆ?

ಪ್ರಶ್ನೆ: ಸ್ನೇಹಿತನ ಜೊತೆ ವ್ಯಾಪಾರ ಮಾಡುತ್ತಿದ್ದೆ. ಲೆಕ್ಕದ ವಿಷಯಕ್ಕೆ ಜಗಳವಾಗಿ ಬೇರೆಯಾದೆವು. ಈಗ ಅವನು ನನ್ನ ಮೇಲೆ ವಂಚನೆಯ ದೂರು ಕೊಟ್ಟಿದ್ದಾನೆ. ‘ಬಂದು ದುಡ್ಡು ಸೆಟಲ್ ಮಾಡಿಕೋ, ಇಲ್ಲದಿದ್ರೆ ಒಳಗೆ ಹಾಕ್ತೀವಿ, ಮನೆಗೂ ಬೀಗ ಬೀಳುತ್ತೆ’ ಅಂತ ಠಾಣೆಯಿಂದ ಫೋನ್ ಬರುತ್ತಿದೆ. ಅಮ್ಮನಿಗೆ 64 ವರ್ಷ. ಅವರನ್ನೂ ಸಾಕ್ಷಿ ಹೇಳಲು ಠಾಣೆಗೆ ಕರೆತರಬೇಕಂತೆ. ಪೊಲೀಸರು ಇಷ್ಟೆಲ್ಲ ಮಾಡಬಹುದೇ?

ಉತ್ತರ: ಫೋನ್ ಮಾಡಿದವರನ್ನು ಮೊದಲು ಒಂದು ಮಾತು ಕೇಳಿ. ಎಫ್‌ಐಆರ್ ಆಗಿದೆಯಾ, ಇಲ್ಲ ಬರೀ ಅರ್ಜಿ ವಿಚಾರಣೆಯಾ? ಬಹಳ ಜನ ಇದನ್ನು ಕೇಳದೆಯೇ ಹೆದರಿ ಓಡುತ್ತಾರೆ. ಅರ್ಜಿ ವಿಚಾರಣೆ ಇರುವುದು ಅಪರಾಧ ನಡೆದಂತೆ ಕಾಣುತ್ತದೆಯೇ ಎಂದು ನೋಡುವುದಕ್ಕೆ ಮಾತ್ರ.

ಎಫ್‌ಐಆರ್ ಆಗಿದ್ದರೂ ಪೊಲೀಸರ ಕೆಲಸ ಸಾಕ್ಷ್ಯ ಕೂಡಿಸಿ ಕೋರ್ಟಿಗೆ ವರದಿ ಕೊಡುವುದು. ಯಾರು ಯಾರಿಗೆ ಎಷ್ಟು ಕೊಡಬೇಕು ಎಂದು ತೀರ್ಮಾನಿಸುವುದು ಸಿವಿಲ್ ಕೋರ್ಟಿನ ಕೆಲಸ. ಹಣ ವಸೂಲಿ ತನಿಖೆಯಲ್ಲ. ಠಾಣೆಯಲ್ಲಿ ಕೂರಿಸಿ ಮುಚ್ಚಳಿಕೆ ಬರೆಸಿಕೊಳ್ಳುವುದು, ಚೆಕ್ಕಿಗೆ ಸಹಿ ಹಾಕಿಸುವುದು ನಡೆಯುತ್ತಲೇ ಇರುತ್ತದೆ, ನಾನೂ ನೋಡಿದ್ದೇನೆ. ಆದರೆ ಅದಕ್ಕೆ ಕಾನೂನಿನ ಬೆಂಬಲವಿಲ್ಲ.

ಇನ್ನು ‘ಒಳಗೆ ಹಾಕ್ತೀವಿ’ ಎಂಬ ಮಾತು. ವಂಚನೆಗೆ ಹೆಚ್ಚೆಂದರೆ 7 ವರ್ಷ ಶಿಕ್ಷೆ. ಇಂಥ ಪ್ರಕರಣದಲ್ಲಿ ದೂರು ಬಂದ ತಕ್ಷಣ ಬಂಧಿಸುವ ಹಾಗಿಲ್ಲ ಎಂದು 2014ರ ಅರ್ನೇಶ್ ಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಬಂಧಿಸಲೇಬೇಕಾದರೆ ಏಕೆ ಎಂದು ಪೊಲೀಸರು ಬರೆದಿಡಬೇಕು. ಬಂಧನ ಬೇಡವೆನಿಸಿದರೆ ನಾಗರಿಕ ಸುರಕ್ಷಾ ಸಂಹಿತೆಯ (ಹಳೆಯ ಸಿಆರ್‌ಪಿಸಿ ಬದಲಿಗೆ ಬಂದ ಕಾನೂನು) 35(3)ನೇ ಕಲಂನಂತೆ ನೋಟಿಸ್ ಕೊಟ್ಟು ಕರೆಯಬೇಕು. ವಾಟ್ಸಾಪ್‌ನಲ್ಲಿ ಕಳಿಸಿದ್ದು ನೋಟಿಸ್ ಆಗುವುದಿಲ್ಲ ಎಂದು ಸುಪ್ರೀಂ ಕೋರ್ಟ್ 2025ರಲ್ಲಿ ಹೇಳಿದೆ. ಹಾಗಂತ ಕೈಗೆ ನೋಟಿಸ್ ಬಂದ ಮೇಲೂ ಸುಮ್ನೆ ಮನೆಯಲ್ಲಿ ಕೂರಬೇಡಿ. ಹೋಗದಿದ್ದರೆ ಬಂಧನಕ್ಕೆ ನೀವೇ ಕಾರಣ ಕೊಟ್ಟ ಹಾಗಾಗುತ್ತದೆ.

ಹೋದಾಗ ನಿಮ್ಮನ್ನೇ ಸಿಕ್ಕಿಸುವ ಪ್ರಶ್ನೆಗೆ ಉತ್ತರ ಕೊಡಬೇಕಾಗಿಲ್ಲ. ಪೊಲೀಸರು ಬರೆದುಕೊಂಡ ಸಾಕ್ಷಿ ಹೇಳಿಕೆಗೆ ಹೇಳಿದವರ ಸಹಿ ತೆಗೆದುಕೊಳ್ಳುವಂತಿಲ್ಲ. ಖಾಲಿ ಹಾಳೆಗಂತೂ ಯಾವ ಕಾರಣಕ್ಕೂ ಸಹಿ ಬೇಡ. ಪೊಲೀಸರ ಮುಂದೆ ತಪ್ಪೊಪ್ಪಿಕೊಂಡಿದ್ದನ್ನು ಕೋರ್ಟಿನಲ್ಲಿ ನಿಮ್ಮ ವಿರುದ್ಧ ಸಾಬೀತು ಮಾಡಲು ಬರುವುದಿಲ್ಲ. ಸುಳ್ಳು ಪತ್ತೆ, ಮಂಪರು ಪರೀಕ್ಷೆಗೂ ನಿಮ್ಮ ಒಪ್ಪಿಗೆ ಬೇಕು. ಇದು 2010ರ ಸೆಲ್ವಿ ಪ್ರಕರಣದ ತೀರ್ಪು. ಆ ಪ್ರಕರಣದಲ್ಲಿ ಎದುರು ಪಕ್ಷ ನಮ್ಮ ಕರ್ನಾಟಕ ಸರ್ಕಾರವೇ.

ಮನೆಗೆ ಬೀಗ? ಕದ್ದ ಮಾಲು, ಅನುಮಾನ ಬಂದ ದಾಖಲೆ, ಫೋನು ಇವನ್ನೆಲ್ಲ ಮಹಜರು ಮಾಡಿ ವಶಕ್ಕೆ ತೆಗೆದುಕೊಳ್ಳಬಹುದು. ಜಪ್ತಿಯ ಆ ಅಧಿಕಾರದಲ್ಲಿ ಮನೆ, ಜಮೀನು ಸೇರುವುದಿಲ್ಲ ಎಂದು ಸುಪ್ರೀಂ ಕೋರ್ಟ್ 2019ರಲ್ಲೇ ತೀರ್ಪು ಕೊಟ್ಟಿದೆ. ಅಪರಾಧದ ದುಡ್ಡಿನಲ್ಲಿ ಕೊಂಡ ಆಸ್ತಿ ಎನಿಸಿದರೆ ಪೊಲೀಸರು ಕೋರ್ಟಿಗೆ ಅರ್ಜಿ ಹಾಕಬೇಕು. ಆದೇಶ ಕೊಡುವುದು ಕೋರ್ಟು.

ಅಮ್ಮ ಠಾಣೆಗೆ ಹೋಗಬೇಕಿಲ್ಲ. ಹೆಂಗಸರು, 15 ವರ್ಷಕ್ಕಿಂತ ಚಿಕ್ಕವರು, 60 ದಾಟಿದವರು ಸಾಕ್ಷಿಗಳಾಗಿದ್ದರೆ ಪೊಲೀಸರೇ ಮನೆಗೆ ಬಂದು ಕೇಳಬೇಕು.

ಪ್ರಶ್ನೆ: ನಾನು ದೂರು ಕೊಟ್ಟು ನಾಲ್ಕು ತಿಂಗಳಾಯಿತು. ಎಫ್‌ಐಆರ್ ಆಗಿದೆ, ಆಮೇಲೆ ಏನೂ ಗೊತ್ತಿಲ್ಲ. ಇಂಥವರನ್ನು ಬಂಧಿಸಿ ಎಂದು ನಾನು ಒತ್ತಾಯಿಸಬಹುದಾ?

ಉತ್ತರ: ಬಂಧಿಸಲೇಬೇಕು ಎಂದು ಕೇಳುವ ಹಕ್ಕು ದೂರುದಾರರಿಗಿಲ್ಲ. ತನಿಖೆ ಎಲ್ಲಿಗೆ ಬಂತು ಎಂದು ತಿಳಿಯುವ ಹಕ್ಕು ಮಾತ್ರ ಖಂಡಿತ ಇದೆ. 90 ದಿನದೊಳಗೆ ಪೊಲೀಸರೇ ನಿಮಗೆ ತಿಳಿಸಬೇಕಿತ್ತು. ಎಸ್‌ಪಿ ಅಥವಾ ಡಿಸಿಪಿಗೆ ಲಿಖಿತವಾಗಿ ಬರೆದು ಸ್ವೀಕೃತಿ ಪಡೆಯಿರಿ. ಅದೂ ಆಗದಿದ್ದರೆ ಮ್ಯಾಜಿಸ್ಟ್ರೇಟ್ ಹತ್ತಿರ ಹೋಗಬಹುದು. ಪೊಲೀಸರು ‘ಬಿ ರಿಪೋರ್ಟ್’ (ಕೇಸು ಮುಚ್ಚಬಹುದು ಎಂಬ ವರದಿ) ಹಾಕಿದರೂ ಕಥೆ ಮುಗಿಯಲಿಲ್ಲ. ಅದನ್ನು ಒಪ್ಪುವುದೋ ಬಿಡುವುದೋ ಮ್ಯಾಜಿಸ್ಟ್ರೇಟರಿಗೆ ಬಿಟ್ಟಿದ್ದು. ನಿಮ್ಮ ತಕರಾರನ್ನು ಅವರು ಕೇಳಲೇಬೇಕು.