‘ನಾನ್‌ಪ್ಲಸ್ಡ್’ ಎಂದರೆ ಏನೂ ತೋಚದವನೋ, ಏನೂ ತಟ್ಟದವನೋ?

ನಿಮ್ಮ ಪ್ರಶ್ನೆಯನ್ನು ನಾನು ಹೀಗೆ ಅರ್ಥಮಾಡಿಕೊಂಡಿದ್ದೇನೆ. ಕೆಲಸ ಎರಡು ವಾರ ತಡವಾಗುತ್ತದೆ ಎಂಬ ಸುದ್ದಿಯನ್ನು ಗ್ರಾಹಕರಿಗೆ ತಿಳಿಸಿದ ಮೇಲೆ, ಅಮೆರಿಕದಲ್ಲಿರುವ ನಿಮ್ಮ ಸಹೋದ್ಯೋಗಿಯೊಬ್ಬರು ‘ದಿ ಕ್ಲೈಂಟ್ ವಾಸ್ ನಾನ್‌ಪ್ಲಸ್ಡ್’ ಎಂದು ನಿಮಗೆ ಇಮೇಲ್ ಬರೆದರು. ನೀವು ನಿಘಂಟು ನೋಡಿ, ಗ್ರಾಹಕರು ದಿಕ್ಕು ತೋಚದೆ ಕುಳಿತಿದ್ದಾರೆ ಎಂದುಕೊಂಡು ಕ್ಷಮಾಪಣೆಯ ಪತ್ರವನ್ನು ಸಿದ್ಧಪಡಿಸಿದಿರಿ. ಸಹೋದ್ಯೋಗಿಯಾದರೋ, ಗ್ರಾಹಕರು ಆ ಸುದ್ದಿಯನ್ನು ಮನಸ್ಸಿಗೇ ಹಚ್ಚಿಕೊಳ್ಳಲಿಲ್ಲ ಎಂಬುದೇ ತಮ್ಮ ಮಾತಿನ ಅರ್ಥವೆಂದು ಫೋನಿನಲ್ಲಿ ಹೇಳಿದರು. ಒಂದೇ ಪದಕ್ಕೆ ಹೀಗೆ ಎದುರುಬದುರಾದ ಎರಡು ಅರ್ಥಗಳಿರುವುದು ಹೇಗೆ, ಇವೆರಡರಲ್ಲಿ ಸರಿ ಯಾವುದು ಎಂದು ನೀವು ಕೇಳಿದ್ದೀರಿ.

ನಿಘಂಟೂ ಸುಳ್ಳು ಹೇಳಿಲ್ಲ, ನಿಮ್ಮ ಸಹೋದ್ಯೋಗಿಯೂ ಸುಳ್ಳು ಹೇಳಿಲ್ಲ. ಆದರೆ ಇಬ್ಬರ ಮಾತಿಗೂ ಒಂದೇ ತೂಕವಿಲ್ಲ. ‘ಏನು ಮಾಡಬೇಕೆಂದು ತೋಚದ’ ಎಂಬ ಅರ್ಥ ಇಂಗ್ಲಿಷಿನಲ್ಲಿ ನಾನೂರು ವರ್ಷಗಳಿಗಿಂತ ಹೆಚ್ಚು ಕಾಲದಿಂದ ನಡೆದುಬಂದಿದೆ. ‘ಸ್ವಲ್ಪವೂ ವಿಚಲಿತನಾಗದ’ ಎಂಬ ಅರ್ಥ 20ನೇ ಶತಮಾನದಲ್ಲಿ, ಮುಖ್ಯವಾಗಿ ಉತ್ತರ ಅಮೆರಿಕದಲ್ಲಿ, ಊಹೆಯಿಂದ ಹುಟ್ಟಿಕೊಂಡದ್ದು. ಊಹೆಯಿಂದ ಹುಟ್ಟಿದೆ ಎಂದು ನಾನು ಇಷ್ಟು ಧೈರ್ಯದಿಂದ ಹೇಳಲು ಕಾರಣ, ಅದೇ ಊಹೆಯನ್ನು ನಾನೂ ಒಮ್ಮೆ ಮಾಡಿ ಪೆಟ್ಟು ತಿಂದಿರುವುದು. ಆ ಕಥೆಗೆ ಆಮೇಲೆ ಬರುತ್ತೇನೆ.

ಮೊದಲು ಪದದ ಹುಟ್ಟು. ಲ್ಯಾಟಿನ್ ಭಾಷೆಯಲ್ಲಿ ‘ನಾನ್’ ಎಂದರೆ ‘ಇಲ್ಲ’, ‘ಪ್ಲಸ್’ ಎಂದರೆ ‘ಹೆಚ್ಚು’ ಅಥವಾ ‘ಇನ್ನೂ’. ಶಾಲೆಯಲ್ಲಿ ನಾವು ಕೂಡಿಸುವಾಗ ಹೇಳುವ ಪ್ಲಸ್ ಕೂಡ ಇದೇ ಪದ. ಎರಡೂ ಸೇರಿದರೆ ‘ಇನ್ನು ಹೆಚ್ಚಿಗೆ ಇಲ್ಲ’, ಅಂದರೆ ‘ಇಲ್ಲಿಂದ ಮುಂದಕ್ಕೆ ಏನೂ ಇಲ್ಲ’ ಎಂದಾಗುತ್ತದೆ. 16ನೇ ಶತಮಾನದ ಕೊನೆಯ ಭಾಗದಲ್ಲಿ ಇಂಗ್ಲಿಷಿನವರು ಈ ಎರಡು ಪದಗಳನ್ನು ಬೆಸೆದು ‘ನಾನ್‌ಪ್ಲಸ್’ ಎಂಬ ನಾಮಪದವನ್ನು ಮಾಡಿಕೊಂಡರು. ಒಬ್ಬ ಮನುಷ್ಯ ಹೇಳಬಹುದಾದದ್ದನ್ನೆಲ್ಲ ಹೇಳಿ, ಮಾಡಬಹುದಾದದ್ದನ್ನೆಲ್ಲ ಮಾಡಿ, ಇನ್ನು ಮುಂದಕ್ಕೆ ಒಂದು ಹೆಜ್ಜೆಯನ್ನೂ ಇಡಲಾಗದೆ ನಿಂತುಬಿಡುವ ಸ್ಥಿತಿಗೆ ಅದು ಹೆಸರು. ವಾದದಲ್ಲಿ ಎದುರಾಳಿಯ ಬಾಯಿ ಕಟ್ಟಿಸಿದರೆ ಅವನನ್ನು ‘ನಾನ್‌ಪ್ಲಸ್’ಗೆ ತಂದು ನಿಲ್ಲಿಸಿದಂತೆ. ಕೆಲವೇ ವರ್ಷಗಳಲ್ಲಿ ಅದು ಕ್ರಿಯಾಪದವೂ ಆಯಿತು. ಆ ಕ್ರಿಯಾಪದದ ಭೂತಕೃದಂತವೇ ನಿಮ್ಮ ಇಮೇಲಿನಲ್ಲಿರುವ ‘ನಾನ್‌ಪ್ಲಸ್ಡ್’.

ಇದೇ ಲ್ಯಾಟಿನ್ ಪದಗಳು ಇನ್ನೊಂದು ಕಡೆಯೂ ಸಿಗುತ್ತವೆ. ಮೆಡಿಟರೇನಿಯನ್ ಸಮುದ್ರ ಅಟ್ಲಾಂಟಿಕ್ ಮಹಾಸಾಗರವನ್ನು ಸೇರುವ ಜಿಬ್ರಾಲ್ಟರ್ ಜಲಸಂಧಿಯ ಎರಡು ಬದಿಯ ಬೆಟ್ಟಗಳನ್ನು ಹರ್ಕ್ಯುಲಿಸ್‌ನ ಕಂಬಗಳೆಂದು ಕರೆಯುವ ವಾಡಿಕೆಯಿತ್ತು. ‘ಇದರಾಚೆಗೆ ಮುಂದಿಲ್ಲ’ ಎಂಬರ್ಥದ ಲ್ಯಾಟಿನ್ ಎಚ್ಚರಿಕೆಯೊಂದು ಅಲ್ಲಿ ಕೆತ್ತಿತ್ತೆಂದು ಐತಿಹ್ಯ. ಅಮೆರಿಕ ಖಂಡದ ದಾರಿ ತೆರೆದ ಮೇಲೆ ಸ್ಪೇನಿನ ದೊರೆ ಐದನೆಯ ಚಾರ್ಲ್ಸ್ ಆ ಮಾತಿನ ನಿಷೇಧವನ್ನು ಕಿತ್ತುಹಾಕಿ ‘ಪ್ಲಸ್ ಅಲ್ಟ್ರಾ’, ಅಂದರೆ ‘ಇನ್ನೂ ಆಚೆಗೆ’ ಎಂಬುದನ್ನು ತನ್ನ ಧ್ಯೇಯವಾಕ್ಯ ಮಾಡಿಕೊಂಡ. ಸ್ಪೇನಿನ ಲಾಂಛನದಲ್ಲಿ ಇಂದಿಗೂ ಅದೇ ಇದೆ. ಮುಂದೆ ಕಡಲಿದ್ದರೂ ದಾರಿಯಿಲ್ಲವೆಂದು ಹಡಗನ್ನು ನಿಲ್ಲಿಸಿದ ನಾವಿಕನನ್ನು ಕಣ್ಣಮುಂದೆ ತಂದುಕೊಂಡರೆ ‘ನಾನ್‌ಪ್ಲಸ್ಡ್’ ಎಂಬುದರ ಮೂಲಭಾವ ಮರೆಯುವುದಿಲ್ಲ.

ಇಲ್ಲಿ ಒಂದು ಸೂಕ್ಷ್ಮವನ್ನು ಗಮನಿಸಬೇಕು. ಇಂದಿನ ನಿಘಂಟುಗಳು ಈ ಪದಕ್ಕೆ ‘ಆಶ್ಚರ್ಯಗೊಂಡ’, ‘ಗೊಂದಲಕ್ಕೊಳಗಾದ’ ಎಂದು ಅರ್ಥ ಕೊಡುತ್ತವೆ. ಅದು ತಪ್ಪಲ್ಲ, ಆದರೆ ನನ್ನ ಅಭಿಪ್ರಾಯದಲ್ಲಿ ಪದದ ತಿರುಳು ಆಶ್ಚರ್ಯವಲ್ಲ, ದಾರಿ ಮುಗಿದಿರುವುದು. ಕುರುಕ್ಷೇತ್ರದಲ್ಲಿ ಬಿಲ್ಲನ್ನು ಕೆಳಗಿಟ್ಟು ಕುಳಿತ ಅರ್ಜುನನನ್ನು ನೆನೆಸಿಕೊಳ್ಳಿ. ಎದುರಿಗೆ ಭೀಷ್ಮರೂ ದ್ರೋಣರೂ ಇರುತ್ತಾರೆ ಎಂಬುದು ಅವನಿಗೆ ಮೊದಲೇ ತಿಳಿದಿತ್ತು, ಅದರಲ್ಲಿ ಆಶ್ಚರ್ಯಪಡುವಂಥದ್ದೇನೂ ಇರಲಿಲ್ಲ. ಆದರೂ ಹೊಡೆಯಲಾರ, ಬಿಟ್ಟು ಹೋಗಲಾರ. ಅಂಥವನನ್ನು ನಾವು ಕಿಂಕರ್ತವ್ಯಮೂಢ ಎನ್ನುತ್ತೇವೆ, ‘ಏನು ಮಾಡಬೇಕು’ ಎಂಬ ಪ್ರಶ್ನೆಯಲ್ಲೇ ಸಿಕ್ಕಿಕೊಂಡವನು. ‘ನಾನ್‌ಪ್ಲಸ್ಡ್’ ಎಂಬುದಕ್ಕೆ ನನಗೆ ತಿಳಿದಮಟ್ಟಿಗೆ ಇದಕ್ಕಿಂತ ಹತ್ತಿರದ ಪದವಿಲ್ಲ. ತೊಂದರೆಯೆಂದರೆ, ಅದು ಸಭೆಯಲ್ಲಿ ಹೇಳುವ ಪದವೇ ಹೊರತು ಇಮೇಲಿನ ಪದವಲ್ಲ.

ನಮ್ಮ ಉಳಿದ ಪದಗಳು ಅಕ್ಕಪಕ್ಕದಲ್ಲಿ ಸುಳಿಯುತ್ತವೆ, ಆದರೆ ಸರಿಯಾಗಿ ಕೂರುವುದಿಲ್ಲ. ತಬ್ಬಿಬ್ಬಾದವನು ತಡವರಿಸುತ್ತಾನೆ, ಏನೇನೋ ಮಾತಾಡುತ್ತಾನೆ. ಅವನಲ್ಲಿ ಚಲನೆ ಹೆಚ್ಚು. ಕಕ್ಕಾಬಿಕ್ಕಿಯಲ್ಲಿ ಬೆದರಿಕೆಯ ಛಾಯೆಯಿದೆ. ಪೆಚ್ಚಾದವನಿಗೆ ನಾಚಿಕೆಯಾಗಿರುತ್ತದೆ. ಕಂಗಾಲಾಗುವುದು ಬಹಳ ದೊಡ್ಡ ಕಷ್ಟಕ್ಕೆ ಮೀಸಲು. ಬೆಳೆ ಹೋದ ರೈತ ಕಂಗಾಲಾಗುತ್ತಾನೆ, ಪ್ರಶ್ನೆಗೆ ಉತ್ತರ ಹೊಳೆಯದ ವಿದ್ಯಾರ್ಥಿಯಲ್ಲ. ದಿಗ್ಭ್ರಮೆಯಲ್ಲಿ ಆಘಾತವಿದೆ. ಅವಾಕ್ಕಾಗುವುದು ಮಾತಿನ ಮಟ್ಟಿಗೆ ಸರಿಹೊಂದುತ್ತದೆ, ಕೆಲಸದ ಮಟ್ಟಿಗೆ ಹೊಂದುವುದಿಲ್ಲ. ಅನುವಾದ ಮಾಡುವಾಗ ನಾನು ಈ ಹೆಸರುಗಳನ್ನೆಲ್ಲ ಬಿಟ್ಟು ‘ತೋಚು’ ಎಂಬ ಕ್ರಿಯಾಪದದ ಮೊರೆಹೋಗುತ್ತೇನೆ: ‘ಅವನಿಗೆ ಏನೂ ತೋಚಲಿಲ್ಲ’. ಇಂಗ್ಲಿಷಿನಲ್ಲಿ ಯಾವುದೋ ಒಂದು ಸಂಗತಿ ಮನುಷ್ಯನನ್ನು ‘ನಾನ್‌ಪ್ಲಸ್’ ಮಾಡುತ್ತದೆ, ಅವನು ಅದರ ಪೆಟ್ಟಿಗೆ ಗುರಿಯಾಗುತ್ತಾನೆ. ಕನ್ನಡದಲ್ಲಿ ಪೆಟ್ಟು ಕೊಡುವವರು ಯಾರೂ ಇಲ್ಲ. ತೋಚಬೇಕಾದದ್ದು ಅವನಿಗೆ ತೋಚದೆ ಹೋಗುತ್ತದೆ, ಅಷ್ಟೆ. ‘ಅವನ ಪ್ರಶ್ನೆಯಿಂದ ನಾನು ಕಿಂಕರ್ತವ್ಯಮೂಢನಾಗಿಸಲ್ಪಟ್ಟೆ’ ಎಂದು ಬರೆಯುವುದಕ್ಕಿಂತ ‘ಅವನು ಹಾಗೆ ಕೇಳಿದಾಗ ನನಗೆ ಏನು ಹೇಳಬೇಕೋ ತೋಚಲಿಲ್ಲ’ ಎಂಬುದು ಹೆಚ್ಚು ನಿಖರವೂ ಹೌದು, ಹೆಚ್ಚು ಕನ್ನಡವೂ ಹೌದು.

ಈಗ ನನ್ನ ಪೆಟ್ಟಿನ ಕಥೆ. ಅನುವಾದದ ಕೆಲಸಕ್ಕೆ ಹೊಸದಾಗಿ ಕೈಹಾಕಿದ್ದ ದಿನಗಳಲ್ಲಿ ಹಳೆಯ ಬ್ರಿಟಿಷ್ ಪತ್ತೇದಾರಿ ಕಥೆಯೊಂದನ್ನು ಕನ್ನಡಿಸುತ್ತಿದ್ದೆ. ಒಳಗಿನಿಂದ ಚಿಲಕ ಹಾಕಿದ ಕೋಣೆಯಲ್ಲಿ ಕೊಲೆಯಾಗಿದೆ. ಇನ್ಸ್‌ಪೆಕ್ಟರ್ ಬಾಗಿಲ ಮುಂದೆ ‘ನಾನ್‌ಪ್ಲಸ್ಡ್’ ಆಗಿ ನಿಂತಿದ್ದಾನೆ. ನಿಘಂಟು ತೆರೆಯುವ ಸೋಮಾರಿತನಕ್ಕೆ, ‘ನಾನ್’ ಎಂದರೆ ‘ಇಲ್ಲ’ ತಾನೆ, ಏನೋ ಒಂದು ಆಗಬೇಕಾದದ್ದು ಇವನಿಗೆ ಆಗಿಲ್ಲ ಎಂದು ಲೆಕ್ಕಹಾಕಿ, ‘ಇನ್ಸ್‌ಪೆಕ್ಟರ್ ನಿರಾತಂಕವಾಗಿ ನಿಂತಿದ್ದ’ ಎಂದು ಬರೆದೆ. ಹಸ್ತಪ್ರತಿಯನ್ನು ತಿದ್ದುತ್ತಿದ್ದ ನಿವೃತ್ತ ಮೇಷ್ಟ್ರು ಅಂಚಿನಲ್ಲಿ ಕೆಂಪು ಶಾಯಿಯಿಂದ, ‘ಬಾಗಿಲು ತೆರೆಯುತ್ತಿಲ್ಲ, ಒಳಗೆ ಹೆಣವಿದೆ, ಇವನಿಗೆ ನಿರಾತಂಕ ಎಲ್ಲಿಂದ ಬಂತಪ್ಪ?’ ಎಂದು ಬರೆದು ಕಳಿಸಿದರು. ನಾನು ಒಬ್ಬನೇ ಕುಳಿತು ಮಾಡಿದ ಈ ತಪ್ಪನ್ನು ಅಮೆರಿಕದಲ್ಲಿ ಸಾವಿರಾರು ಜನ ಬೇರೆ ಬೇರೆಯಾಗಿ ಮಾಡಿದರು. ಅವರನ್ನು ತಿದ್ದಲು ಮೇಷ್ಟ್ರು ಇರಲಿಲ್ಲವಾದ್ದರಿಂದ ತಪ್ಪು ಅರ್ಥವಾಯಿತು.

ಆ ಊಹೆ ತೀರ ಅವಿವೇಕದ್ದೇನಲ್ಲ. ಇಂಗ್ಲಿಷ್ ಓದುವವರು ‘ನಾನ್’, ‘ಅನ್’, ‘ಇನ್’, ‘ಡಿಸ್’ ಎಂಬ ಉಪಸರ್ಗಗಳನ್ನು ಕಂಡೊಡನೆ ಅವನ್ನು ಕಳಚಿ ಉಳಿದದ್ದರ ವಿರುದ್ಧಾರ್ಥವನ್ನು ಹುಡುಕುತ್ತಾರೆ. ‘ಪ್ಲಸ್ಡ್’ ಎಂಬ ಪದ ಬಳಕೆಯಲ್ಲಿ ಇಲ್ಲ; ಇದ್ದಿದ್ದರೆ ಅದಕ್ಕೆ ‘ಕಲಕಿಹೋದ’ ಎಂಬರ್ಥ ಇರಬಹುದೆಂದು ಅವರೇ ಕಲ್ಪಿಸಿಕೊಂಡು, ಹಾಗಾದರೆ ‘ನಾನ್‌ಪ್ಲಸ್ಡ್’ ಎಂದರೆ ಕಲಕದವನು ಎಂದು ತೀರ್ಮಾನಿಸುತ್ತಾರೆ. ಪಕ್ಕದಲ್ಲೇ ‘ನಾನ್‌ಶಲಾಂಟ್’ ಎಂಬ ಪದ ಕುಳಿತು ಈ ತೀರ್ಮಾನಕ್ಕೆ ತಲೆಯಾಡಿಸುತ್ತದೆ. ಅದು ಫ್ರೆಂಚಿನಿಂದ ಬಂದದ್ದು. ಅದರ ಬೇರು ‘ಬಿಸಿಯಾಗಿರು’ ಎಂಬರ್ಥದ ಲ್ಯಾಟಿನ್ ಧಾತು. ಬಿಸಿ ತಟ್ಟದವನು ಎಂಬ ನಮ್ಮ ಮಾತೇ ಅದಕ್ಕೆ ಅನುವಾದವಾಗಿ ಒಪ್ಪುತ್ತದೆ. ‘ನಾನ್‌ಪ್ಲಸ್ಡ್’ ಪದಕ್ಕೆ ಅಂಟಿಕೊಂಡ ಹೊಸ ಅರ್ಥ ಹೆಚ್ಚುಕಡಿಮೆ ‘ನಾನ್‌ಶಲಾಂಟ್’ ಪದದ್ದೇ.

ಉಪಸರ್ಗವನ್ನು ನಂಬಿ ಕೆಡುವುದಕ್ಕೆ ಇನ್ನೊಂದು ಉದಾಹರಣೆ ನಮ್ಮ ಹೆದ್ದಾರಿಗಳಲ್ಲೇ ಓಡಾಡುತ್ತದೆ. ಪೆಟ್ರೋಲ್ ಟ್ಯಾಂಕರ್‌ಗಳ ಹಿಂದೆ ‘ಹೈಲಿ ಇನ್‌ಫ್ಲೇಮಬಲ್’ ಎಂದು ಬರೆದಿರುತ್ತಾರೆ. ಇಲ್ಲಿನ ‘ಇನ್’ ನಿಷೇಧವಲ್ಲ, ‘ಒಳಕ್ಕೆ’ ಎಂಬರ್ಥದ ಬೇರೊಂದು ಲ್ಯಾಟಿನ್ ಉಪಸರ್ಗ. ಇಡೀ ಪದಕ್ಕೆ ‘ಬೇಗ ಹೊತ್ತಿಕೊಳ್ಳುವ’ ಎಂದೇ ಅರ್ಥ. ‘ಇನ್’ ಎಂಬುದನ್ನು ‘ಇಲ್ಲ’ ಎಂದು ಓದಿಕೊಂಡವನು ಅದರ ಹತ್ತಿರ ಬೀಡಿ ಹಚ್ಚಿದರೆ ಗತಿಯೇನು ಎಂಬ ಭಯದಿಂದಲೇ ಎಚ್ಚರಿಕೆಯ ಫಲಕಗಳಲ್ಲಿ ‘ಫ್ಲೇಮಬಲ್’ ಎಂಬ ರೂಪಕ್ಕೆ ಒತ್ತು ಕೊಡಲಾಯಿತು. ‘ನಾನ್‌ಪ್ಲಸ್ಡ್’ ವಿಷಯದಲ್ಲಿ ಯಾರಿಗೂ ಬೆಂಕಿ ತಗಲುವುದಿಲ್ಲವಾದ್ದರಿಂದ ಅಂಥ ಏರ್ಪಾಡನ್ನು ಯಾರೂ ಮಾಡಲಿಲ್ಲ.

ಇದನ್ನು ಕಂಡು ಇಂಗ್ಲಿಷಿನವರನ್ನು ನಗುವ ಮೊದಲು ನಮ್ಮ ‘ಅವಾಂತರ’ವನ್ನು ನೋಡಿಕೊಳ್ಳಬೇಕು. ಸಂಸ್ಕೃತದಲ್ಲಿ ಅದಕ್ಕೆ ‘ನಡುವಣ’, ‘ಒಳಗೆ ಸೇರಿದ’ ಎಂದು ಅರ್ಥ; ಶಾಸ್ತ್ರಗ್ರಂಥಗಳಲ್ಲಿ ‘ಅವಾಂತರ ಭೇದ’ ಎಂದರೆ ಒಳಭೇದವೇ ಹೊರತು ಅನಾಹುತವಲ್ಲ. ಕನ್ನಡದಲ್ಲಿ ಮಾತ್ರ ಅವಾಂತರವೆಂದರೆ ಎಡವಟ್ಟು. ಅದನ್ನು ಹಾಗೆ ಬಳಸುವ ಕನ್ನಡಿಗನನ್ನು ಇವತ್ತು ಯಾರೂ ತಿದ್ದುವುದಿಲ್ಲ, ತಿದ್ದಿದರೆ ತಿದ್ದಿದವನದೇ ಅವಾಂತರವಾಗುತ್ತದೆ. ಅರ್ಥ ಬದಲಾಗುವುದು ಅಪರಾಧವಲ್ಲ. ನನ್ನ ತಕರಾರು ಇರುವುದು, ಹಳೆಯ ಅರ್ಥ ಇನ್ನೂ ಬದುಕಿರುವಾಗಲೇ ಅದಕ್ಕೆ ನೇರ ವಿರುದ್ಧವಾದದ್ದು ಅದೇ ಮನೆಯಲ್ಲಿ ಬಂದು ಕುಳಿತಿರುವುದರ ಬಗ್ಗೆ.

ನಿಘಂಟುಗಳು ಈ ಸ್ಥಿತಿಯನ್ನು ಬೇರೆ ಬೇರೆ ರೀತಿಯಲ್ಲಿ ದಾಖಲಿಸುತ್ತವೆ. ಆಕ್ಸ್‌ಫರ್ಡಿನ ಸಾಮಾನ್ಯ ನಿಘಂಟುಗಳು ಹೊಸ ಅರ್ಥವನ್ನು ಉತ್ತರ ಅಮೆರಿಕದ ಆಡುಮಾತೆಂದು ಗುರುತಿಸಿ, ‘ನಾನ್’ ಎಂಬುದನ್ನು ನಿಷೇಧದ ಉಪಸರ್ಗವೆಂದು ಭಾವಿಸಿದ್ದರಿಂದ ಅದು ಬಂದಿರಬೇಕೆಂದು ಟಿಪ್ಪಣಿ ಹಾಕಿ, ಶಿಷ್ಟ ಇಂಗ್ಲಿಷಿಗೆ ಅದು ಸೇರಿದ್ದಲ್ಲ ಎನ್ನುತ್ತವೆ. ಅಮೆರಿಕದ ಮೆರಿಯಮ್-ವೆಬ್‌ಸ್ಟರ್, ಮುಖ್ಯವಾಗಿ ಅಮೆರಿಕದಲ್ಲಿ ಬಳಕೆಯಲ್ಲಿದೆ ಎಂಬ ಸೂಚನೆಯೊಂದಿಗೆ, ಅದನ್ನು ಎರಡನೆಯ ಅರ್ಥವಾಗಿ ಕೊಡುತ್ತದೆ. ನಿಮ್ಮ ಕೈಯಲ್ಲಿದ್ದದ್ದು ಒಂದೇ ಅರ್ಥ ಕೊಡುವ ಚಿಕ್ಕ ನಿಘಂಟಾಗಿದ್ದಿರಬೇಕು.

ಓದುವಾಗ ಯಾವ ಅರ್ಥವೆಂದು ಹೇಗೆ ತಿಳಿಯುವುದು? ಪುಸ್ತಕ ಬ್ರಿಟಿಷರದಾಗಿದ್ದರೆ ಅಥವಾ ಹಳೆಯದಾಗಿದ್ದರೆ ಕಣ್ಣುಮುಚ್ಚಿ ಹಳೆಯ ಅರ್ಥವನ್ನೇ ತೆಗೆದುಕೊಳ್ಳಿ. ಈಚಿನ ಅಮೆರಿಕದ ಬರಹವಾದರೆ ಆ ಪದದ ನಂತರ ಆ ಮನುಷ್ಯ ಏನು ಮಾಡುತ್ತಾನೆಂದು ನೋಡಿ. ಮಾತು ನಿಲ್ಲಿಸಿದರೆ, ಸುಮ್ಮನೆ ದಿಟ್ಟಿಸಿದರೆ, ಇನ್ನೊಬ್ಬರ ಮುಖ ನೋಡಿದರೆ ಹಳೆಯ ಅರ್ಥ. ಕಾಫಿ ಹೀರುತ್ತಾ ತನ್ನ ಕೆಲಸ ಮುಂದುವರಿಸಿದರೆ, ಅಥವಾ ಟೀಕೆಗಳ ನಡುವೆಯೂ ಆತ ‘ನಾನ್‌ಪ್ಲಸ್ಡ್’ ಎಂದಿದ್ದರೆ, ಹೊಸದು. ಮುಂದಿನ ವಾಕ್ಯದಲ್ಲಿ ಏನೂ ಸುಳಿವಿಲ್ಲದಿದ್ದರೆ, ನಿಮಗೆ ಬಂದ ಇಮೇಲಿನ ಹಾಗೆ, ಕೇಳಿ ತಿಳಿಯುವುದೊಂದೇ ಉಪಾಯ. ಹೀಗೆ ಕೇಳುವುದರಲ್ಲಿ ಸಂಕೋಚ ಬೇಡ. ‘ಟೇಬಲ್’ ಎಂಬ ಸರಳ ಕ್ರಿಯಾಪದವನ್ನೇ ನೋಡಿ: ಬ್ರಿಟನ್ನಿನಲ್ಲೂ ನಮ್ಮಲ್ಲೂ ಒಂದು ವಿಷಯವನ್ನು ‘ಟೇಬಲ್’ ಮಾಡುವುದೆಂದರೆ ಚರ್ಚೆಗೆ ಮಂಡಿಸುವುದು, ಅಮೆರಿಕದಲ್ಲಿ ಅದನ್ನು ಪಕ್ಕಕ್ಕಿಡುವುದು. ಎರಡನೆಯ ಮಹಾಯುದ್ಧದ ಕಾಲದಲ್ಲಿ ಎರಡೂ ದೇಶಗಳ ಸೇನಾಧಿಕಾರಿಗಳು ಈ ಒಂದು ಪದದಿಂದಾಗಿ ದೀರ್ಘವಾಗಿ ವಾದಿಸಿದ್ದನ್ನು, ಇಬ್ಬರಿಗೂ ಬೇಕಾಗಿದ್ದದ್ದು ಒಂದೇ ಎಂದು ಕೊನೆಗೆ ಗೊತ್ತಾದದ್ದನ್ನು, ಚರ್ಚಿಲ್ ಅವರೇ ಬರೆದಿಟ್ಟಿದ್ದಾರೆ.

ನೀವು ಬರೆಯುವಾಗ ಏನು ಮಾಡಬೇಕು ಎಂದೂ ಕೇಳಿದ್ದೀರಿ. ಕಥೆಯಲ್ಲೋ ಪ್ರಬಂಧದಲ್ಲೋ ಹಳೆಯ ಅರ್ಥದಲ್ಲಿ ಬಳಸಿ, ಸುತ್ತಲಿನ ವಾಕ್ಯ ಅದಕ್ಕೆ ಆಸರೆಯಾಗುವಂತೆ ನೋಡಿಕೊಳ್ಳಿ. ಕಚೇರಿಯ ಪತ್ರದಲ್ಲಿ ಬಳಸಲೇಬೇಡಿ. ಗ್ರಾಹಕರಿಗೆ ಏನೂ ತೋಚದಿದ್ದರೆ ‘ಪರ್‌ಪ್ಲೆಕ್ಸ್‌ಡ್’ ಎನ್ನಿ, ಅವರು ತಲೆಕೆಡಿಸಿಕೊಳ್ಳದಿದ್ದರೆ ‘ಅನ್‌ಕನ್ಸರ್ನ್ಡ್’ ಎನ್ನಿ. ಎರಡನ್ನೂ ಎರಡು ಖಂಡದವರೂ ಒಂದೇ ರೀತಿ ಓದುತ್ತಾರೆ. ಕಾಗುಣಿತದಲ್ಲಿ ‘ಎಸ್’ ಅಕ್ಷರ ಎರಡಿರುವುದು ಎಲ್ಲೆಡೆ ನಡೆಯುತ್ತದೆ, ಒಂದೇ ‘ಎಸ್’ ಇರುವ ರೂಪ ಅಮೆರಿಕದಲ್ಲಿ ಕಂಡರೆ ತಪ್ಪೆಂದು ತಿಳಿಯಬೇಡಿ. ಬರಹದಲ್ಲಿ ಕೊನೆಗೆ ‘ಡಿ’ ಇದ್ದರೂ ಉಚ್ಚಾರಣೆಯಲ್ಲಿ ಕೇಳಿಸುವುದು ‘ಟ್’, ಒತ್ತು ಬೀಳುವುದು ‘ಪ್ಲಸ್’ ಮೇಲೆ: ನಾನ್‌ಪ್ಲಸ್ಟ್. ನೀವು ಸಿದ್ಧಪಡಿಸಿದ ಕ್ಷಮಾಪಣೆಯ ಪತ್ರವನ್ನು ಮಾತ್ರ ಹರಿದುಹಾಕಬೇಡಿ. ಕೆಲಸ ತಡವಾಗಿರುವುದಂತೂ ನಿಜ, ಅದನ್ನು ನಾಲ್ಕು ಸಾಲಿಗೆ ಇಳಿಸಿ ಕಳುಹಿಸಿದರೆ ಗ್ರಾಹಕರು ಯಾವ ಅರ್ಥದಲ್ಲಿ ‘ನಾನ್‌ಪ್ಲಸ್ಡ್’ ಆಗಿದ್ದರೂ ಅದು ಅಪ್ರಸ್ತುತವಾಗುವುದಿಲ್ಲ.