ಅಪ್ಪನ ಸೂಪರ್ 8 ರೀಲುಗಳು: ನಾನು ಮಾಡಿದ್ದು, ಕೆಡಿಸಿಕೊಂಡಿದ್ದು

ಅಪ್ಪ ತೀರಿಕೊಂಡ ಮೇಲೆ ಟ್ರಂಕಿನಲ್ಲಿ ನಾಲ್ಕು ಸೂಪರ್ 8 ರೀಲು (ಮನೆ ಕ್ಯಾಮೆರಾದಲ್ಲಿ ತೆಗೆಯುತ್ತಿದ್ದ 8 ಮಿ.ಮೀ. ಫಿಲ್ಮು) ಸಿಕ್ಕಿವೆ, ವರ್ಷದ ಕಾರ್ಯಕ್ಕೆ ಐದು ನಿಮಿಷದ ಚಿತ್ರ ಮಾಡಬೇಕು, ಆದರೆ ಅಳಿಸುವ ಹಾಡು ಹಾಕಿದ ಸ್ಲೈಡ್‌ಶೋ ಬೇಡ ಅಂತ ಕೇಳಿದ್ದೀರಿ. ಸರಿ, ಹಾಡಂತೂ ಬೇಡವೇ ಬೇಡ.

ಆಸೆ ತಡೆಯಲಾರದೆ ಹಳೇ ಪ್ರೊಜೆಕ್ಟರಿಗೆ ಮಾತ್ರ ಹಾಕಬೇಡಿ. ನಾನು ಹಾಕಿದ್ದೆ. ಕುಗ್ಗಿದ್ದ ಫಿಲ್ಮು ಗೇಟಿನಲ್ಲಿ, ಅಂದರೆ ದೀಪದ ಮುಂದೆ ಫಿಲ್ಮು ಹಾದುಹೋಗುವ ಕಿಂಡಿಯಲ್ಲಿ, ಸಿಕ್ಕಿಕೊಂಡಿತು. ದೀಪದ ಬಿಸಿಗೆ ಅಜ್ಜಿಯ ಮುಖ ನೋಡನೋಡುತ್ತಲೇ ಕಂದು ಗುಳ್ಳೆಯಾಯಿತು. ಮೊದಲು ಡಬ್ಬಿ ತೆರೆದು ಮೂಸಿ. ವಿನೆಗರ್ ತರಹದ ಹುಳಿ ವಾಸನೆ ಬಂದರೆ ಅಸಿಟೇಟ್, ಅಂದರೆ ಫಿಲ್ಮಿನ ಪ್ಲಾಸ್ಟಿಕ್ ಪಟ್ಟಿ, ಹಾಳಾಗಲು ಶುರುವಾಗಿದೆ. ಆ ರೀಲನ್ನು ಉಳಿದವುಗಳಿಂದ ದೂರ ಇಡಿ, ಅದನ್ನೇ ಮೊದಲು ಸ್ಕ್ಯಾನ್ ಮಾಡಿಸಿ. ಪ್ಲಾಸ್ಟಿಕ್ ಕವರಿನಲ್ಲಿ ಬಿಗಿಯಾಗಿ ಕಟ್ಟಬೇಡಿ, ಗಾಳಿಯಾಡಲಿ.

ಸ್ಕ್ಯಾನ್ ಒಂದೊಂದೇ ಫ್ರೇಮಿನದ್ದಾಗಿರಲಿ, ಅಂಚಿನ ತೂತೂ ಕಾಣಲಿ. 15 ಮೀಟರ್ ರೀಲಿನಲ್ಲಿ ಸುಮಾರು 3,600 ಫ್ರೇಮ್ ಇರುತ್ತವೆ. ಮನೆ ಕ್ಯಾಮೆರಾಗಳಲ್ಲಿ ಸೆಕೆಂಡಿಗೆ 18 ಫ್ರೇಮ್ ಮಾಮೂಲು, ಆ ಲೆಕ್ಕಕ್ಕೆ 3 ನಿಮಿಷ 20 ಸೆಕೆಂಡ್. ಅದನ್ನೇ 24ರಲ್ಲಿ ಓಡಿಸಿದರೆ ಅಪ್ಪ ಬಸ್ಸು ತಪ್ಪಿದವರ ಹಾಗೆ ಓಡಾಡುತ್ತಾರೆ.

ಇನ್ನು ಧ್ವನಿ. ಅಮೆರಿಕದ ಪ್ರಾಯೋಗಿಕ ಚಿತ್ರ ನಿರ್ದೇಶಕ ಹಾಲಿಸ್ ಫ್ರಾಂಪ್ಟನ್ 1971ರಲ್ಲಿ ಮಾಡಿದ 'ನಾಸ್ಟಾಲ್ಜಿಯಾ' ಚಿತ್ರ ನೋಡಿ. ಹಾಟ್‌ಪ್ಲೇಟ್ ಮೇಲೆ ಒಂದೊಂದೇ ಫೋಟೋ ಸುಟ್ಟು ಸುರುಟಿಕೊಳ್ಳುತ್ತದೆ. ಕೇಳಿಸುವ ದನಿ ಮಾತ್ರ ಈ ಫೋಟೋದ್ದಲ್ಲ, ಮುಂದೆ ಬರುವ ಫೋಟೋದ ಕಥೆ ಹೇಳುತ್ತಿರುತ್ತದೆ. ಆ ಫೋಟೋ ಬರುವ ಹೊತ್ತಿಗೆ ಕೇಳಿದ್ದು ಅರ್ಧ ಮರೆತಿರುತ್ತೇವೆ, ಕಷ್ಟಪಟ್ಟು ನೆನಪಿಸಿಕೊಳ್ಳಬೇಕು. ಅಷ್ಟರಲ್ಲಿ ಅದಕ್ಕೂ ಬೆಂಕಿ. ಮೊದಲ ಹತ್ತು ನಿಮಿಷ ತಲೆ ಚಿಟ್ಟು ಹಿಡಿಯುತ್ತದೆ, ಸುಳ್ಳು ಹೇಳುವುದಿಲ್ಲ.

ನಾನು ಕದ್ದಿದ್ದು ಅದನ್ನೇ. ದೃಶ್ಯ ತೋರಿಸುವ ಮೊದಲೇ ಅಮ್ಮನನ್ನು ಕೂರಿಸಿ ಮಾತಾಡಿಸಿದೆ. "ಮಳೆ ನಿಂತಿರುತ್ತೆ ನೋಡು, ನಿನ್ನಜ್ಜಿ ಕೊಡೆ ಹಿಡ್ಕೊಂಡು ಅಂಗಳಕ್ಕೆ ಬರ್ತಾರೆ" ಅಂದರು. ರೀಲಿನಲ್ಲಿದ್ದದ್ದು ಒದ್ದೆ ಅಂಗಳ, ಹನ್ನೊಂದು ಸೆಕೆಂಡ್. ಯಾರೂ ಬರುವುದಿಲ್ಲ. ಕತ್ತರಿಸದೆ ಹಾಗೇ ಬಿಟ್ಟೆ, ಅದರ ಹಿಂದೆಯೇ ಆ ಸುಟ್ಟ ಫ್ರೇಮುಗಳನ್ನು ಜೋಡಿಸಿದೆ. ನಿಮ್ಮಮ್ಮ ಹೇಳುವುದಕ್ಕೂ ರೀಲಿಗೂ ತಾಳೆಯಾಗದಿದ್ದರೆ ಸರಿಪಡಿಸಲು ಹೋಗಬೇಡಿ.

ರೆಕಾರ್ಡ್ ಮಾಡುವಾಗ ಫ್ಯಾನ್ ಆರಿಸಿ. ಸ್ಕ್ಯಾನ್ ಆಯ್ತಲ್ವಾ ಅಂತ ರೀಲು ಎಸೆಯಬೇಡಿ.